ಅಜ್ಜಿಯ ಟ್ರಂಕಿನಲ್ಲಿ ನಾಲ್ಕು ಕಾರ್ಡು: ಗಡಿ ತಾಲ್ಲೂಕುಗಳ ರೇಷನ್ ಚರಿತ್ರೆ

ಚಿಕ್ಕೋಡಿಯ ಒಂದು ಕಂಪ್ಯೂಟರ್ ಕೇಂದ್ರದ ಮುಂದೆ ಮೊನ್ನೆ ಎರಡು ತಾಸು ನಿಂತಿದ್ದೆವು. ಹೋದದ್ದು ಸುದ್ದಿ ಮಾಡಲಿಕ್ಕೆ. ರೇಷನ್ ಕಾರ್ಡ್ ತಿದ್ದುಪಡಿಗೆ ಅವಕಾಶ ಕೊಟ್ಟಿದ್ದಾರೆ, ಆದರೆ ಸರ್ವರ್ ಸಿಗುತ್ತಿಲ್ಲ ಎಂಬ ಸುದ್ದಿ. ಇದನ್ನು ನಾವು ವರ್ಷಕ್ಕೆ ಎರಡು ಮೂರು ಸಲ ಬರೆಯುತ್ತೇವೆ. ಎರಡು ಕಾಲಂ, ಸರದಿ ಸಾಲಿನ ಒಂದು ಫೋಟೊ, ಕೊನೆಗೆ ‘ತಾಂತ್ರಿಕ ತೊಂದರೆ, ಶೀಘ್ರ ಸರಿಪಡಿಸಲಾಗುವುದು’ ಎಂಬ ಒಂದು ಸಾಲು. ಹೆಸರು ಬದಲಿಸಿದರೆ ಹೋದ ವರ್ಷದ ಸುದ್ದಿಯನ್ನೇ ಈ ವರ್ಷವೂ ಕಳಿಸಬಹುದು.

ಮನೆಗೆ ಬಂದು ಅಜ್ಜಿಯ ಮುಂದೆ ಇದನ್ನು ಹೇಳಿದಾಗ ಆಕೆ ನಕ್ಕಳು. ‘ನನ್ನ ಜಲ್ಮದಾಗ ನಾಲ್ಕ ಕಾರ್ಡ್ ಆದ್ವು. ಪ್ರತಿ ಸಲಾನೂ ನೀ ಯಾರು ಅಂತನ ಕೇಳ್ತಾರ’ ಎಂದಳು. ಟ್ರಂಕು ತೆರೆಸಿದೆವು. ಸೀರೆಯ ಕೆಳಗೆ, ಹೊಲದ ಉತಾರದ ಜೊತೆಗೆ, ನಾಲ್ಕೂ ಇದ್ದವು. ಒಂದು ಕೈಬರಹದ ಹಸಿರು ಕಾರ್ಡು. ಒಂದು ಹಳದಿ. ಒಂದು ಕುಟುಂಬದವರ ಫೋಟೊ ಇರುವ ಕಂಪ್ಯೂಟರ್ ಕಾರ್ಡು. ಕೊನೆಯದು ಸೈಬರ್ ಅಂಗಡಿಯಲ್ಲಿ ತೆಗೆಸಿ ಲ್ಯಾಮಿನೇಶನ್ ಮಾಡಿಸಿದ ಒಂದು ಹಾಳೆ. ನಾಲ್ಕರಲ್ಲೂ ಒಬ್ಬಳೇ ಅಜ್ಜಿ, ಆದರೆ ಹೆಸರು ಒಂದೇ ಅಲ್ಲ. ಎರಡರಲ್ಲಿ ಹೆಸರಿನ ತುದಿಗೆ ‘ವ್ವ’ ಇದೆ, ಇನ್ನೆರಡರಲ್ಲಿ ‘ಬಾಯಿ’. ಬರೆದವನು ಕನ್ನಡದವನೋ ಮರಾಠಿಯವನೋ ಎಂಬುದರ ಮೇಲೆ ಹೆಸರು ನಿಂತಿತ್ತು. ವಯಸ್ಸಿನ ಲೆಕ್ಕ ಹಾಕಿದರೆ ಮೂರನೇ ಕಾರ್ಡಿನಲ್ಲಿ ಅಜ್ಜಿ ಎರಡನೆಯದಕ್ಕಿಂತ ಎರಡು ವರ್ಷ ಸಣ್ಣವಳು.

ಹಿಂದಿನ ಕಾಲದಲ್ಲಿ ಇದರಿಂದ ಏನೂ ಆಗುತ್ತಿರಲಿಲ್ಲ. ಈಗ ಆಗುತ್ತದೆ. ಆ ‘ವ್ವ’ ಮತ್ತು ‘ಬಾಯಿ’ಯ ನಡುವೆ ಒಂದು ತಿಂಗಳ ಅಕ್ಕಿ ನಿಂತುಬಿಡಬಹುದು. ಅದು ಹೇಗೆ ಹೀಗಾಯಿತು ಎಂದು ತಿಳಿಯಲು ಚಿಕ್ಕೋಡಿ, ನಿಪ್ಪಾಣಿ, ರಾಯಬಾಗ, ಅಥಣಿ, ಕಾಗವಾಡ, ಈ ಐದು ತಾಲ್ಲೂಕುಗಳ ಕಾರ್ಡಿನ ಕಥೆಯನ್ನು ಮೊದಲಿನಿಂದ ಹೇಳಬೇಕು.

ಒಂದು ಪೌಂಡ್ ಧಾನ್ಯ

ಕಾರ್ಡು ಬರುವುದಕ್ಕೆ ಮೊದಲು ಲೆಕ್ಕ ಬಂತು. 1876ರಿಂದ 1878ರವರೆಗಿನ ದೊಡ್ಡ ಬರದಲ್ಲಿ ಬೆಳಗಾವಿ ಜಿಲ್ಲೆಯ ಒಣ ಭಾಗಗಳು, ಅದರಲ್ಲೂ ಅಥಣಿಯ ಕಡೆ, ಬಹಳ ನರಳಿದವು. 1872ರ ಜನಗಣತಿಯಲ್ಲಿ ಇದ್ದದ್ದಕ್ಕಿಂತ 1881ರ ಜನಗಣತಿಯಲ್ಲಿ ಜಿಲ್ಲೆಯ ಜನಸಂಖ್ಯೆ ಕಡಿಮೆ ಇತ್ತು. ಒಂಬತ್ತು ವರ್ಷದಲ್ಲಿ ಜನ ಹೆಚ್ಚಾಗುವ ಬದಲು ಕಡಿಮೆಯಾದರು ಎಂದರೆ ಏನಾಗಿರಬೇಕು ಎಂದು ಬಿಡಿಸಿ ಹೇಳಬೇಕಿಲ್ಲ.

ಆ ಬರದಲ್ಲಿ ಸರಕಾರ ಕೆರೆ, ರಸ್ತೆ ಕೆಲಸ ತೆಗೆದು ಕೂಲಿ ಕೊಟ್ಟಿತು. ಖರ್ಚು ತಗ್ಗಿಸಲು ವೈಸರಾಯ್ ಕಳಿಸಿದ ಅಧಿಕಾರಿ ಸರ್ ರಿಚರ್ಡ್ ಟೆಂಪಲ್. 1877ರ ಆರಂಭದಲ್ಲಿ ಆತ ಕೂಲಿಯನ್ನು ದಿನಕ್ಕೆ ಒಂದು ಪೌಂಡ್ ಧಾನ್ಯದ ಬೆಲೆ, ಮೇಲೆ ಸ್ವಲ್ಪ ಚಿಲ್ಲರೆ ಎಂಬ ಲೆಕ್ಕಕ್ಕೆ ಇಳಿಸಿದ. ಒಂದು ಪೌಂಡ್ ಎಂದರೆ ಸುಮಾರು 450 ಗ್ರಾಂ. ಕಲ್ಲು ಹೊರುವ ಮನುಷ್ಯನಿಗೆ ಇದು ಸಾಲದು ಎಂದು ಮುಂಬೈ ಇಲಾಖೆಯ ಕೂಲಿಗಳು ಕೆಲಸ ಬಿಟ್ಟು ನಡೆದರು. ಪುಣೆ ಸಾರ್ವಜನಿಕ ಸಭೆ ಅವರ ಪರ ಬರೆಯಿತು. ಒಬ್ಬ ಮನುಷ್ಯ ಬದುಕಲು ಎಷ್ಟು ಧಾನ್ಯ ಬೇಕು ಎಂಬ ಲೆಕ್ಕವನ್ನು ಸರಕಾರ ಗ್ರಾಂ ಮಟ್ಟದಲ್ಲಿ ಹಾಕಿದ್ದು ನಮ್ಮ ಭಾಗ ಆಗ ಕಂಡಿತು.

ಕಾರ್ಡು ಬಂದದ್ದು ಎರಡನೇ ಮಹಾಯುದ್ಧದಲ್ಲಿ. ಬರ್ಮಾ ಜಪಾನೀಯರ ಕೈಗೆ ಹೋಗಿ ಅಕ್ಕಿ ನಿಂತಿತು, ಬೆಲೆ ಏರಿತು, ಬಂಗಾಳದಲ್ಲಿ ಲಕ್ಷಾಂತರ ಜನ ಸತ್ತರು. ಮುಂಬೈ ನಗರದಲ್ಲಿ 1943ರ ಮೇ 2ರಂದು ರೇಷನಿಂಗ್ ಶುರುವಾಯಿತು. ಅದರ ಹೊಣೆ ಹೊತ್ತವರು ಐಸಿಎಸ್ ಅಧಿಕಾರಿ ಎ.ಡಿ. ಗೋರವಾಲಾ. ಅದೇ ವರ್ಷ ಆಹಾರ ಧಾನ್ಯ ನೀತಿ ಸಮಿತಿ ದೊಡ್ಡ ಶಹರಗಳಿಗೆಲ್ಲ ರೇಷನಿಂಗ್ ಬೇಕು ಎಂದಿತು, ತಲೆಗೆ ದಿನಕ್ಕೆ ಒಂದು ಪೌಂಡ್ ಧಾನ್ಯ ಗುರಿ ಇಟ್ಟಿತು. ಟೆಂಪಲ್‌ನ ಅದೇ ಒಂದು ಪೌಂಡ್! 1946ರಲ್ಲಿ ಅದನ್ನೂ 12 ಔನ್ಸಿಗೆ ಇಳಿಸಿದರು.

ಹಳ್ಳಿಯ ಕಡೆ ಆ ಕಾಲ ಬೇರೆ ರೀತಿ ನೆನಪಿದೆ. ಶಹರಕ್ಕೆ ರೇಷನ್ ಕೊಡಬೇಕಾದರೆ ಹಳ್ಳಿಯಿಂದ ಧಾನ್ಯ ಎತ್ತಬೇಕು, ಅದಕ್ಕೆ ಲೆವಿ. ‘ಲೆವಿ ಕಾಲ’ ಎಂದರೆ ನಮ್ಮ ಹಿರಿಯರಿಗೆ ಹಗೇವು ತೆರೆಸಿ ಜೋಳ ಅಳೆದುಕೊಂಡು ಹೋದ ಕಾಲ. ಸಕ್ಕರೆ, ಸೀಮೆಎಣ್ಣೆ, ಬಟ್ಟೆಗೂ ‘ಕಂಟ್ರೋಲ್’ ಬಂತು. ಹೀಗೆ ನಮ್ಮ ಊರುಗಳಿಗೆ ಮೂರು ಪದ ಬಂದವು: ಕಂಟ್ರೋಲ್, ರೇಷನ್, ಆಮೇಲೆ ಸೊಸೈಟಿ. ಈಗಲೂ ‘ಸೊಸೈಟಿ ಅಕ್ಕಿ’ ಎಂದೇ ಹೇಳುತ್ತೇವೆ. ಸರಕಾರಿ ಕಾಗದದಲ್ಲಿ ಮಾತ್ರ ‘ಪಡಿತರ’. ಅದು ಹಳೇ ಕನ್ನಡ ಪದ, ದೇವಸ್ಥಾನಕ್ಕೆ ದಿನನಿತ್ಯ ಸಲ್ಲುತ್ತಿದ್ದ ಅಕ್ಕಿ ಬೇಳೆಯ ಪಾಲಿಗೆ ಬಳಸುತ್ತಿದ್ದದ್ದು. ದೇವರಿಗಿದ್ದ ಪದ ಬಡವರ ಪಾಲಿಗೆ ಬಂದಿದೆ. ಆದರೆ ದೇವರನ್ನು ಯಾರೂ ಹೆಬ್ಬೆಟ್ಟು ಕೇಳುತ್ತಿರಲಿಲ್ಲ.

ಊರು ಕದಲಲಿಲ್ಲ, ಸರಕಾರ ಬದಲಾಯಿತು

1943ರಲ್ಲಿ ಈ ಐದು ತಾಲ್ಲೂಕಿನ ಜಾಗ ಒಂದು ಸರಕಾರದ ಕೈಯಲ್ಲಿ ಇರಲಿಲ್ಲ. ಚಿಕ್ಕೋಡಿ, ಅಥಣಿ ಬ್ರಿಟಿಷರ ಬೆಳಗಾವಿ ಜಿಲ್ಲೆ. ರಾಯಬಾಗ ಕೊಲ್ಲಾಪುರ ಸಂಸ್ಥಾನ. 1939ರಲ್ಲಿ ಸಕ್ಕರೆ ಕಾರ್ಖಾನೆ ಶುರುವಾದ ಉಗಾರ ಸಾಂಗಲಿ ಸಂಸ್ಥಾನ. ಒಂದು ಮದುವೆಯ ದಿಬ್ಬಣ ಒಂದು ದಿನದಲ್ಲಿ ಮೂರು ಸರಕಾರ ದಾಟಬಹುದಿತ್ತು. ಸಾಂಗಲಿಯಂಥ ದಕ್ಷಿಣದ ಸಂಸ್ಥಾನಗಳು 1948ರ ಮಾರ್ಚ್‌ನಲ್ಲಿ ಮುಂಬೈ ಪ್ರಾಂತದಲ್ಲಿ ಸೇರಿದವು. ಕೊಲ್ಲಾಪುರ ಸೇರಿದ್ದು 1949ರ ಮಾರ್ಚ್ 1ರಂದು. ಎಂಟು ವರ್ಷ ಕಳೆಯುವುದರಲ್ಲಿ, 1956ರ ನವೆಂಬರ್ 1ರಂದು, ಚಂದಗಡ ತಾಲ್ಲೂಕು ಬಿಟ್ಟು ಇಡೀ ಬೆಳಗಾವಿ ಜಿಲ್ಲೆ ಮೈಸೂರು ರಾಜ್ಯಕ್ಕೆ ಬಂತು. ರಾಯಬಾಗದ ಒಬ್ಬ ಮುದುಕ ತನ್ನ ಕಟ್ಟೆ ಬಿಟ್ಟು ಏಳದೆ ಎಂಟು ವರ್ಷದೊಳಗೆ ಮಹಾರಾಜರ ಪ್ರಜೆ, ಮುಂಬೈಯ ಪ್ರಜೆ, ಮೈಸೂರಿನ ಪ್ರಜೆ ಆಗಿಬಿಟ್ಟ.

ಈ ಗದ್ದಲದಲ್ಲಿ ಮನುಷ್ಯನ ಗುರುತು ಯಾರ ಹತ್ತಿರ ಇತ್ತು? ಊರಿನ ಕುಲಕರ್ಣಿಯ ಹತ್ತಿರ. ನಮ್ಮ ಭಾಗದಲ್ಲಿ ಆತನ ದಫ್ತರ ಬಹುಮಟ್ಟಿಗೆ ಮೋಡಿ ಲಿಪಿಯಲ್ಲಿ. ಯಾರ ಮನೆಯಲ್ಲಿ ಎಷ್ಟು ಬಾಯಿ, ಯಾರ ಮಗಳು ಯಾವ ಊರಿಗೆ ಹೋದಳು, ಯಾರು ತೀರಿಕೊಂಡರು, ಎಲ್ಲ ಅವನಿಗೆ ಗೊತ್ತು. ಮುಂಬೈ ಸರಕಾರ 1950ರಲ್ಲಿ ಕಾನೂನು ಮಾಡಿ ಪರಗಣಾ ಮತ್ತು ಕುಲಕರ್ಣಿ ವತನ ರದ್ದು ಮಾಡಿತು. ಸಂಬಳದ ತಲಾಟಿ ಬಂದ. ಆಮೇಲೆ ತಲಾಟಿ, ಪಾಟೀಲ, ಸೊಸೈಟಿಯ ಸೆಕ್ರೆಟರಿ, ಈ ಮೂವರ ಬಾಯಿಮಾತೇ ನಿಮ್ಮ ಗುರುತಿನ ಚೀಟಿ.

ಇದನ್ನು ಹೇಳುವಾಗ ಆ ಕಾಲ ಚಲೋ ಇತ್ತು ಎಂದು ನಾವು ಹೇಳುತ್ತಿಲ್ಲ. ಊರು ನಿಮ್ಮನ್ನು ಬಲ್ಲದು ಎಂದರೆ ಊರಿನ ಯಜಮಾನರು ನಿಮ್ಮನ್ನು ಬಲ್ಲರು ಎಂದರ್ಥ. ಕೇರಿಯ ಮನೆಗಳ ಎಣಿಕೆ ಎಷ್ಟೋ ಸಲ ರಸ್ತೆಯಿಂದಲೇ ಮುಗಿಯುತ್ತಿತ್ತು. ಕೂಲಿಗೆ ಬಾರದವರ ಹೆಸರು ಪಟ್ಟಿಗೂ ಬಾರದಂತೆ ನೋಡಿಕೊಳ್ಳುವುದು ಯಜಮಾನರಿಗೆ ಸುಲಭವಿತ್ತು. ಬಾಯಿಮಾತಿನ ಗುರುತಿಗೆ ತಕರಾರು ಹೇಳಲಿಕ್ಕೆ ಮುಖ ಎದುರಿಗೆ ಇತ್ತು ನಿಜ. ಆ ಮುಖದ ಎದುರು ನಿಲ್ಲುವ ಧೈರ್ಯ ಎಲ್ಲರಿಗೂ ಇರಲಿಲ್ಲ.

ನಡುವೆ ಕಂಟ್ರೋಲ್ ಎರಡು ಸಲ ಹೋಗಿ ಬಂತು. ಗಾಂಧೀಜಿಯ ಒತ್ತಾಯದಿಂದ 1947ರ ಕೊನೆಗೆ ತೆಗೆದರು, ಬೆಲೆ ಏರಿ 1948ರಲ್ಲಿ ಮತ್ತೆ ತಂದರು. ಆಹಾರ ಸಚಿವ ರಫಿ ಅಹ್ಮದ್ ಕಿದ್ವಾಯಿ 1954ರ ಹೊತ್ತಿಗೆ ಮತ್ತೆ ಸಡಿಲಿಸಿದರು. 1956ರಿಂದ ಅಮೆರಿಕದ ಪಿಎಲ್ 480 ಗೋಧಿ ಬರತೊಡಗಿತು. 1965ರಲ್ಲಿ ಭಾರತೀಯ ಆಹಾರ ನಿಗಮ ಹುಟ್ಟಿತು. 1972ರ ಬರ ನೆನೆಸಿಕೊಂಡರೆ ಇಂದಿಗೂ ಮುದುಕರು ಮುಖ ಕಿವಿಚುವುದು ಕೆಂಪನೆಯ ‘ಮೈಲೋ’ ಜೋಳಕ್ಕೆ. ಬಿಳಿ ಜೋಳದ ರೊಟ್ಟಿ ತಿನ್ನುವ ಬಾಯಿಗೆ ಅದು ಇಳಿಯುತ್ತಿರಲಿಲ್ಲ, ಆದರೆ ಅದೇ ಜೀವ ಉಳಿಸಿತು.

ಬಣ್ಣದ ಕಾಲ

ಅಜ್ಜಿಯ ಟ್ರಂಕಿನ ಮೊದಲ ಕಾರ್ಡಿಗೆ ಈಗ ಬಂದೆವು. 1985ರಲ್ಲಿ ರಾಮಕೃಷ್ಣ ಹೆಗಡೆಯವರ ಜನತಾ ಸರಕಾರ ಬಡವರಿಗೆ ಕಿಲೋಗೆ ಎರಡು ರೂಪಾಯಿಯ ಅಕ್ಕಿ ತಂದಿತು. ಹಳ್ಳಿಯ ಬಡ ಕುಟುಂಬಕ್ಕೆ ಹಸಿರು ಕಾರ್ಡು. ಅಲ್ಲಿಯವರೆಗೆ ಕಾರ್ಡು ‘ಈ ಮನೆಯಲ್ಲಿ ಇಷ್ಟು ಜನ’ ಎಂದಷ್ಟೇ ಹೇಳುತ್ತಿತ್ತು. ಹಸಿರು ಕಾರ್ಡಿನಿಂದ ‘ಈ ಮನೆ ಬಡವರದು’ ಎಂದೂ ಹೇಳತೊಡಗಿತು. ಇದು ದೊಡ್ಡ ಬದಲಾವಣೆ. ಎಣಿಸುವ ಕೆಲಸದ ಜೊತೆ ಅಳೆಯುವ ಕೆಲಸ ಸೇರಿಕೊಂಡಿತು. ಬಾಯಿ ಎಣಿಸುವುದು ಸುಲಭ, ಬಡತನ ಅಳೆಯುವುದು ಕಷ್ಟ.

1997ರ ಜೂನ್‌ನಲ್ಲಿ ಕೇಂದ್ರ ಸರಕಾರ ಇಡೀ ದೇಶದ ಪಡಿತರವನ್ನು ಬಡತನ ರೇಖೆಯ ಕೆಳಗೆ, ಮೇಲೆ ಎಂದು ಎರಡು ಮಾಡಿತು. ಬಿಪಿಎಲ್, ಎಪಿಎಲ್ ಎಂಬ ಅಕ್ಷರಗಳು ಕನ್ನಡ ಮಾತಾಗಿಬಿಟ್ಟವು. ಮೊದಲು ಬಿಪಿಎಲ್ ಕುಟುಂಬಕ್ಕೆ ತಿಂಗಳಿಗೆ 10 ಕಿಲೋ, 2000ರಲ್ಲಿ 20 ಕಿಲೋ. ಅದೇ ವರ್ಷದ ಡಿಸೆಂಬರ್‌ನಲ್ಲಿ ಕಡುಬಡವರಿಗೆ ಅಂತ್ಯೋದಯ ಬಂತು. ಹಸಿರು, ಹಳದಿ, ಕೇಸರಿ ಎಂದು ಕಾರ್ಡಿಗೆ ಬಣ್ಣಗಳಾದವು. ಬಣ್ಣ ಸಿಗುವುದು ಯಾರ ಕೈಯಿಂದ ಎಂಬುದೇ ಆಗ ಊರ ರಾಜಕಾರಣ. ಪಂಚಾಯತಿ ಚುನಾವಣೆಗೆ ನಿಂತವರ ಮೊದಲ ಭರವಸೆ ಕಾರ್ಡು. ತೋಟ, ಟ್ರ್ಯಾಕ್ಟರ್ ಇದ್ದವರ ಮನೆಯಲ್ಲಿ ಹಳದಿ ಕಾರ್ಡು, ನಿಪ್ಪಾಣಿಯಲ್ಲಿ ಬೀಡಿ ಕಟ್ಟುವ ವಿಧವೆಗೆ ಏನೂ ಇಲ್ಲ, ಇಂಥದನ್ನು ನಾವು ಹುಡುಗರಾಗಿದ್ದಾಗ ಕಣ್ಣಾರೆ ನೋಡಿದ್ದೇವೆ.

ಅಕ್ಕಿ ಬಂದು ಹೋಗುತ್ತಿತ್ತು, ಕಾರ್ಡು ಮಾತ್ರ ಬೇರೆ ಬೇರೆ ಕೆಲಸಕ್ಕೆ ಬೆಳೆಯಿತು. ಬ್ಯಾಂಕಿನ ಖಾತೆಗೆ, ಗ್ಯಾಸಿಗೆ, ಆಸ್ಪತ್ರೆಗೆ, ಶಾಲೆಗೆ, ಜಾತಿ ಪ್ರಮಾಣ ಪತ್ರಕ್ಕೆ, ಎಲ್ಲದಕ್ಕೂ ರೇಷನ್ ಕಾರ್ಡಿನ ಝೆರಾಕ್ಸ್. ಗಡಿ ಭಾಗದಲ್ಲಿ ಇನ್ನೂ ಒಂದು ಕೆಲಸ: ನೀನು ಈ ಕಡೆಯವನೋ ಆ ಕಡೆಯವನೋ ಎಂಬುದಕ್ಕೆ ಸಾಕ್ಷಿ. ಸಕ್ಕರೆ ಸಿಗದಿದ್ದರೂ ಚಿಂತೆಯಿಲ್ಲ, ಕಾರ್ಡು ಇರಲಿ ಎಂದು ಜನ ಹೇಳತೊಡಗಿದ್ದು ಇದಕ್ಕೇ.

ಕಂಪ್ಯೂಟರ್ ಬಂತು, ಹೆಬ್ಬೆಟ್ಟು ಬಂತು

ಖೊಟ್ಟಿ ಕಾರ್ಡು ನಿಜವಾದ ರೋಗವಾಗಿತ್ತು. ರಾಜ್ಯದಲ್ಲಿ ಇರುವ ಕುಟುಂಬಗಳಿಗಿಂತ ಕಾರ್ಡುಗಳೇ ಹೆಚ್ಚು ಎಂದು ಸರಕಾರವೇ ಒಪ್ಪಿಕೊಂಡಿತ್ತು. ಸತ್ತವರ ಹೆಸರಿನ ಅಕ್ಕಿ ಯಾರೋ ತಿನ್ನುತ್ತಿದ್ದರು. 2000ರ ದಶಕದ ಎರಡನೇ ಭಾಗದಲ್ಲಿ ಮನೆಮಂದಿಯನ್ನೆಲ್ಲ ಕರೆದು ಫೋಟೊ ತೆಗೆದು ಕಂಪ್ಯೂಟರ್ ಕಾರ್ಡು ಕೊಟ್ಟರು. ಅಜ್ಜಿಯ ಮೂರನೇ ಕಾರ್ಡು ಅದು. ಆಕೆಯ ಬದುಕಿನ ಮೊದಲ ಫೋಟೊವೂ ಅದೇ ಇರಬೇಕು, ತಲೆ ಮೇಲೆ ಸೆರಗು ಹೊದ್ದು ಕ್ಯಾಮೆರಾಗೆ ಹೆದರಿ ನಿಂತಿದ್ದಾಳೆ.

ಅದೂ ಸಾಲದೆ 2011ರ ಸುಮಾರಿಗೆ ಮನೆಯ ಕರೆಂಟ್ ಮೀಟರಿನ ಆರ್‌ಆರ್ ನಂಬರ್ ಕೇಳಿದರು. ಒಂದು ಮೀಟರಿಗೆ ಒಂದು ಮನೆ, ಒಂದು ಮನೆಗೆ ಒಂದು ಕಾರ್ಡು ಎಂಬ ಲೆಕ್ಕ. ಲೆಕ್ಕ ಸರಿಯಾಗಿತ್ತು, ಖೊಟ್ಟಿ ಕಾರ್ಡು ಬಹಳ ಹೋದವು. ಆದರೆ ನಮ್ಮ ಊರಿನ ಮನೆಗಳು ಆ ಲೆಕ್ಕದ ಹಾಗೆ ಇರಲಿಲ್ಲ. ಒಂದೇ ಮೀಟರಿನ ವಾಡೆಯಲ್ಲಿ ಮೂರು ಒಲೆ ಉರಿಯುತ್ತಿದ್ದವು. ಹೊಲದ ಗುಡಿಸಲಿಗೆ ಮೀಟರೇ ಇರಲಿಲ್ಲ. ಒಲೆ ಎಣಿಸಬೇಕಾದಲ್ಲಿ ಮೀಟರು ಎಣಿಸಿದರು.

2013 ದೊಡ್ಡ ವರ್ಷ. ಜುಲೈ 10ರಂದು ಸಿದ್ದರಾಮಯ್ಯ ಸರಕಾರ ಅನ್ನಭಾಗ್ಯ ಶುರು ಮಾಡಿತು, ಕಿಲೋಗೆ ಒಂದು ರೂಪಾಯಿ. 2015ರ ಮೇ ತಿಂಗಳಿಂದ ಅದನ್ನೂ ತೆಗೆದು ಪುಕ್ಕಟೆ ಮಾಡಿತು. ಅದೇ 2013ರಲ್ಲಿ ಸಂಸತ್ತು ರಾಷ್ಟ್ರೀಯ ಆಹಾರ ಭದ್ರತಾ ಕಾಯ್ದೆ ಮಾಡಿತು. ಅಲ್ಲಿಯವರೆಗೆ ರೇಷನ್ ಸರಕಾರದ ಕರುಣೆ, ಅಲ್ಲಿಂದ ಮುಂದೆ ಹಕ್ಕು. ಕಾಯ್ದೆಯ 13ನೇ ಕಲಮು ಇನ್ನೊಂದು ಮಾತು ಹೇಳಿತು: ಮನೆಯಲ್ಲಿ 18 ದಾಟಿದ ಹಿರಿಯ ಹೆಣ್ಣುಮಗಳೇ ಕಾರ್ಡಿನಲ್ಲಿ ಕುಟುಂಬದ ಮುಖ್ಯಸ್ಥೆ. ಹೊಲದ ಉತಾರದಲ್ಲಿ ಹೆಸರಿಲ್ಲದ, ಮನೆಯ ಪತ್ರದಲ್ಲಿ ಹೆಸರಿಲ್ಲದ ನಮ್ಮ ಅಜ್ಜಿ ಸರಕಾರದ ಒಂದು ಕಾಗದದಲ್ಲಿ ಮನೆಯ ಯಜಮಾನಿ ಆದಳು. ನಾಲ್ಕನೇ ಕಾರ್ಡಿನಲ್ಲಿ ಮೊದಲ ಹೆಸರು ಅವಳದು. ಇದು ಸಣ್ಣ ಮಾತಲ್ಲ.

ಆಮೇಲೆ ಆಧಾರ್, ಸೊಸೈಟಿಯಲ್ಲಿ ಬೆರಳಚ್ಚಿನ ಯಂತ್ರ. ಇದರಿಂದ ಆದ ಒಳ್ಳೆಯದನ್ನು ಮುಚ್ಚಿಡುವುದು ಬೇಡ. ಅಂಗಡಿಯವನು ‘ಈ ತಿಂಗಳು ಮಾಲ ಬಂದಿಲ್ಲ’ ಎಂದು ಹೇಳಿ ಚೀಲಗಟ್ಟಲೆ ಅಕ್ಕಿ ಮಾರಿಕೊಳ್ಳುವುದು ಕಷ್ಟವಾಯಿತು. ಆದರೆ ತಪ್ಪಿನ ಭಾರ ಬೇರೆಯವರ ತಲೆಗೆ ಹೋಯಿತು. ಮೊದಲು ಕಳ್ಳತನ ಮಾಡುವವನನ್ನು ಹಿಡಿಯಬೇಕಿತ್ತು. ಈಗ ತಾನು ಕಳ್ಳನಲ್ಲ ಎಂದು ತಿನ್ನುವವನು ತಿಂಗಳು ತಿಂಗಳು ತೋರಿಸಬೇಕು. 2017ರಲ್ಲಿ ಉತ್ತರ ಕನ್ನಡದ ಗೋಕರ್ಣದಲ್ಲಿ ಒಂದೇ ಮನೆಯ ಮೂವರು ಅಣ್ಣತಮ್ಮಂದಿರು ಸತ್ತರು. ಆಧಾರ್ ಜೋಡಣೆ ಇಲ್ಲವೆಂದು ಅವರ ರೇಷನ್ ನಿಂತಿತ್ತು, ಅದು ಹಸಿವಿನ ಸಾವು ಎಂದು ಪಿಯುಸಿಎಲ್ ಸಂಘಟನೆ ಹೇಳಿತು, ಆಡಳಿತ ಒಪ್ಪಲಿಲ್ಲ. 2018ರ ಸೆಪ್ಟೆಂಬರ್ 26ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್ ಸರಕಾರಿ ಸವಲತ್ತಿಗೆ ಆಧಾರ್ ಕೇಳುವುದನ್ನು ಎತ್ತಿಹಿಡಿಯಿತು, ಜೊತೆಗೆ ಬೆರಳು ಹೊಂದಲಿಲ್ಲ ಎಂಬ ಕಾರಣಕ್ಕೆ ಅರ್ಹರನ್ನು ಹೊರಗಿಡಬಾರದು ಎಂಬ ಮಾತನ್ನೂ ಆಡಿತು. ಮೊದಲ ಅರ್ಧ ಎಲ್ಲ ಸೊಸೈಟಿಗಳಿಗೂ ಮುಟ್ಟಿತು. ಎರಡನೇ ಅರ್ಧ ದಾರಿಯಲ್ಲಿ ಉಳಿಯಿತು.

ಗಡಿ ದಾಟಿ ಬಂದ ಸೊಸೆ

ಈಗಿನ ನವೀಕರಣದ ಸಾಲಿಗೆ ಮರಳೋಣ. ಇ-ಕೆವೈಸಿ ಎಂದರೆ ಕಾರ್ಡಿನಲ್ಲಿರುವ ಪ್ರತಿಯೊಬ್ಬರೂ ಸೊಸೈಟಿಗೆ ಹೋಗಿ ಬೆರಳು ಕೊಟ್ಟು ತಾವು ಇದ್ದೇವೆಂದು ಹೇಳುವುದು. ಹೆಸರು ಸೇರಿಸಲು, ತಿದ್ದಲು, ಯಜಮಾನಿಯನ್ನು ಬದಲಿಸಲು ಗ್ರಾಮ ಒನ್ ಅಥವಾ ಇಂಥ ಕೇಂದ್ರದಲ್ಲಿ ಆನ್‌ಲೈನ್ ಅರ್ಜಿ. ಆ ಕಿಟಕಿ ವರ್ಷವಿಡೀ ತೆರೆದಿರುವುದಿಲ್ಲ, ತೆರೆದಾಗ ಕೆಲವೇ ದಿನ. 2023ರ ಆಗಸ್ಟ್ 30ರಂದು ಗೃಹಲಕ್ಷ್ಮಿ ಶುರುವಾಗಿ, ಕಾರ್ಡಿನ ಯಜಮಾನಿಗೆ ತಿಂಗಳಿಗೆ 2,000 ರೂಪಾಯಿ ಎಂದಾಗ ಈ ಸಾಲು ಒಮ್ಮೆಲೇ ಉದ್ದವಾಯಿತು. ಅದೇ ವರ್ಷ ಜುಲೈನಿಂದ ಹೆಚ್ಚುವರಿ ಐದು ಕಿಲೋ ಅಕ್ಕಿಯ ಬದಲು ತಲೆಗೆ 170 ರೂಪಾಯಿ ಖಾತೆಗೆ ಬರುತ್ತಿತ್ತು, 2025ರಲ್ಲಿ ಮತ್ತೆ ಅಕ್ಕಿ ಆಯಿತು. ಒಂದು ಅಕ್ಷರದ ತಪ್ಪಿಗೆ ಈಗ ಅಕ್ಕಿಯೂ ನಿಲ್ಲುತ್ತದೆ, ಹಣವೂ ನಿಲ್ಲುತ್ತದೆ.

ಈ ನಿಯಮಗಳನ್ನು ಓದಿದರೆ ಒಂದು ಊಹೆ ಕಾಣುತ್ತದೆ. ಮನುಷ್ಯ ಒಂದು ಊರಲ್ಲಿ ಹುಟ್ಟಿ, ಒಂದು ಲಿಪಿಯಲ್ಲಿ ಹೆಸರು ಬರೆಸಿ, ಮೆತ್ತನೆಯ ಬೆರಳು ಇಟ್ಟುಕೊಂಡು, ಅಲ್ಲಿಯೇ ಇರುತ್ತಾನೆ ಎಂಬ ಊಹೆ. ನಮ್ಮ ಐದು ತಾಲ್ಲೂಕಿನ ಬದುಕು ಹಾಗಿಲ್ಲ.

ಕಾಗವಾಡದಿಂದ ಮಿರಜ ಹತ್ತಿರ, ಬೆಳಗಾವಿ ದೂರ. ನಿಪ್ಪಾಣಿಯವರಿಗೆ ಕಾಗಲ, ಸದಲಗಾದವರಿಗೆ ಇಚಲಕರಂಜಿ. ಸಂತೆ, ದವಾಖಾನೆ, ನೌಕರಿ, ಬೀಗತನ ಎಲ್ಲ ಆ ಕಡೆಗೂ ಇದೆ. ನಮ್ಮ ಮನೆಗೇ ಆ ಕಡೆಯಿಂದ ಒಬ್ಬ ಸೊಸೆ ಬಂದಳು. ಅವಳ ಹೆಸರು ಇಲ್ಲಿ ಸೇರಿಸಬೇಕಾದರೆ ಮೊದಲು ಅಲ್ಲಿಯ ಕಾರ್ಡಿನಿಂದ ತೆಗೆಸಿ, ತೆಗೆಸಿದ್ದಕ್ಕೆ ಪತ್ರ ತರಬೇಕು. ತವರಿನವರು ಹೋಗಿ ಅರ್ಜಿ ಕೊಟ್ಟರು, ಪತ್ರ ಬಂತು, ಮರಾಠಿಯಲ್ಲಿ. ಕಾಗದದ ಮೇಲೆ ಹೆಸರು ತೆಗೆದಿತ್ತು, ಅಲ್ಲಿಯ ಕಂಪ್ಯೂಟರಿನಲ್ಲಿ ತೆಗೆದಿರಲಿಲ್ಲ. ಇಲ್ಲಿ ಅರ್ಜಿ ಹಾಕಿದರೆ ಈ ಆಧಾರ್ ಇನ್ನೊಂದು ಕಡೆ ಇದೆ ಎಂದು ತಿರುಗಿ ಬಂತು. ಅದು ಸರಿಯಾಗುವಷ್ಟರಲ್ಲಿ ಇಲ್ಲಿಯ ಕಿಟಕಿ ಮುಚ್ಚಿತು. ಎರಡು ರಾಜ್ಯದ ನಡುವೆ ಅವಳು ಹತ್ತಿರ ಹತ್ತಿರ ಎರಡು ವರ್ಷ ಯಾವ ಕಾರ್ಡಿನಲ್ಲೂ ಇರಲಿಲ್ಲ. ಅಷ್ಟರಲ್ಲಿ ಮಗು ಹುಟ್ಟಿತು, ತಾಯಿಯ ಹೆಸರೇ ಇಲ್ಲದ ಕಾರ್ಡಿಗೆ ಮಗುವನ್ನು ಸೇರಿಸುವುದು ಹೇಗೆ? ನಮ್ಮದು ಉಣ್ಣಲು ಇರುವ ಮನೆ, ನಡೆಯಿತು. ಎಲ್ಲರ ಮನೆ ಹಾಗಿಲ್ಲ.

ಬೆರಳಿನ ಕಥೆ ನಿಪ್ಪಾಣಿಯಲ್ಲಿ ಕೇಳಬೇಕು. ತಂಬಾಕು ಸೋಸಿ, ಬೀಡಿ ಕಟ್ಟಿ ಸವೆದ ಬೆರಳನ್ನು ಯಂತ್ರ ಒಂದೇ ಸಲಕ್ಕೆ ಗುರುತಿಸುವುದಿಲ್ಲ. ಕಬ್ಬು ಕಡಿಯುವವರ ಕೈಯೂ ಅಷ್ಟೇ. ಬೆರಳು ಹೊಂದದಿದ್ದರೆ ಮೊಬೈಲಿಗೆ ಓಟಿಪಿ ಬರುತ್ತದೆ ಎನ್ನುತ್ತಾರೆ, ಮೊಬೈಲು ದುಡಿಯಲು ಹೋದ ಮಗನ ಕೈಯಲ್ಲಿ ಇರುತ್ತದೆ. ಮಕ್ಕಳ ಬೆರಳಚ್ಚನ್ನು 5 ಮತ್ತು 15ನೇ ವಯಸ್ಸಿಗೆ ಆಧಾರಿನಲ್ಲಿ ಹೊಸದು ಮಾಡಿಸಬೇಕು, ಇಲ್ಲದಿದ್ದರೆ ಸೊಸೈಟಿಯಲ್ಲಿ ಅದೂ ಹೊಂದುವುದಿಲ್ಲ.

ಕೃಷ್ಣೆಯ ಕಥೆ ಇನ್ನೊಂದು. 2005, 2019, 2021ರಲ್ಲಿ ನದಿ ಊರೊಳಗೆ ಬಂತು. 2019ರ ಆಗಸ್ಟ್‌ನಲ್ಲಿ ಯಡೂರು, ಇಂಗಳಿ, ಜುಗೂಳದಂಥ ಊರುಗಳ ಜನ ಉಟ್ಟ ಬಟ್ಟೆಯಲ್ಲಿ ಹೊರಟರು. ದನ ಬಿಚ್ಚಿದರು, ಮುದುಕರನ್ನು ಹೊತ್ತರು, ಟ್ರಂಕು ಉಳಿಯಿತು. ನೀರು ಇಳಿದ ಮೇಲೆ ಪರಿಹಾರ ಕೇಳಲು ಹೋದರೆ ಮೊದಲು ಕೇಳಿದ್ದು ಕಾಗದ. ಕಂಪ್ಯೂಟರಿನಲ್ಲಿ ದಾಖಲೆ ಇದ್ದದ್ದು ಆಗ ಎಷ್ಟೋ ಜನರ ಕೈ ಹಿಡಿಯಿತು ಎಂಬುದನ್ನೂ ಹೇಳಬೇಕು.

2018ರಲ್ಲಿ ನಿಪ್ಪಾಣಿ, ಕಾಗವಾಡ ಹೊಸ ತಾಲ್ಲೂಕುಗಳಾದವು. ಹತ್ತಿರ ಕಚೇರಿ ಆಯಿತು, ಒಳ್ಳೆಯದು. ಆದರೆ ಹಳೇ ಕಾರ್ಡು, ಆಧಾರ್‌ಗಳಲ್ಲಿ ಚಿಕ್ಕೋಡಿ ಮತ್ತು ಅಥಣಿ ತಾಲ್ಲೂಕು ಎಂದೇ ಉಳಿಯಿತು. 1949, 1956ರ ಹಾಗೆ ಈ ಸಲವೂ ಊರು ಕದಲಲಿಲ್ಲ, ವಿಳಾಸ ಕದಲಿತು.

2020ರ ಜನವರಿ 1ರಿಂದ ಕರ್ನಾಟಕ, ಮಹಾರಾಷ್ಟ್ರ ಸೇರಿ 12 ರಾಜ್ಯಗಳಲ್ಲಿ ‘ಒಂದು ದೇಶ, ಒಂದು ರೇಷನ್ ಕಾರ್ಡ್’ ಜಾರಿಯಾಯಿತು. ಅಥಣಿಯ ಪೂರ್ವದ ಒಣ ಹಳ್ಳಿಗಳಿಂದ ಸಾಂಗಲಿ, ಕೊಲ್ಲಾಪುರಕ್ಕೆ ದುಡಿಯಲು ಹೋದವರು ಅಲ್ಲಿಯೇ ತಮ್ಮ ಧಾನ್ಯ ಪಡೆಯಬಹುದು. ಗಡಿ ಭಾಗಕ್ಕೆ ಇದಕ್ಕಿಂತ ಉಪಯೋಗದ ಯೋಜನೆ ಬಂದಿಲ್ಲ. ಅಲ್ಲಿ ಸಿಗುವುದು ಕೇಂದ್ರದ ಪಾಲು ಮಾತ್ರ, ನಮ್ಮ ರಾಜ್ಯದ ಹೆಚ್ಚುವರಿ ಅಲ್ಲಿ ನಡೆಯುವುದಿಲ್ಲ. ಅಕ್ಕಿ ಗಡಿ ದಾಟಲು ಕಲಿತಿದೆ, ಹೆಸರು ಇನ್ನೂ ಕಲಿತಿಲ್ಲ. ಸೊಸೆಯ ಹೆಸರು ಒಂದು ರಾಜ್ಯದ ಪಟ್ಟಿಯಿಂದ ಇನ್ನೊಂದಕ್ಕೆ ತಾನಾಗಿಯೇ ಹೋಗುವಂತೆ ಮಾಡುವುದು ಇದೇ ಯಂತ್ರಕ್ಕೆ ಕಷ್ಟದ ಕೆಲಸವಲ್ಲ.

ಲೆಕ್ಕ ಹಾಕಿದರೆ

ಟೆಂಪಲ್‌ನ ಒಂದು ಪೌಂಡಿಗೆ ಮರಳುತ್ತೇವೆ. ಆ ಲೆಕ್ಕದಲ್ಲಿ ತಿಂಗಳಿಗೆ 13 ಕಿಲೋ ಮೇಲೆ. ಇಂದಿನ ಕಾಯ್ದೆಯ 5 ಕಿಲೋ ಎಂದರೆ ದಿನಕ್ಕೆ ಸುಮಾರು 167 ಗ್ರಾಂ, 2025ರಲ್ಲಿ ರಾಜ್ಯ ಕೊಟ್ಟ ಇನ್ನೂ ಐದು ಸೇರಿದರೆ 333 ಗ್ರಾಂ. ಬರದ ಕಾಲದ ಕೂಲಿಯ ಬದುಕಿಗೂ ಇಂದಿನ ಬದುಕಿಗೂ ಹೋಲಿಕೆಯಿಲ್ಲ, ಈಗ ಜನ ದುಡಿದು ಬೇರೆ ತರುತ್ತಾರೆ. ನಾವು ಹೇಳುವುದು ಇಷ್ಟು: ಇದು ಐಷಾರಾಮದ ಅಕ್ಕಿಯಲ್ಲ. ಇಷ್ಟು ಅಕ್ಕಿಗೆ ಎಷ್ಟು ಸಲ, ಎಷ್ಟು ರೀತಿಯಲ್ಲಿ ನೀನು ಯಾರು ಎಂದು ಕೇಳಬೇಕು ಎಂಬುದಕ್ಕೂ ಒಂದು ಮಿತಿ ಬೇಕು.

2024ರ ನವೆಂಬರ್‌ನಲ್ಲಿ ರಾಜ್ಯದಲ್ಲಿ ಬಿಪಿಎಲ್ ಕಾರ್ಡುಗಳು ರದ್ದಾದವೆಂದು ಗದ್ದಲವಾಗಿ ಸರಕಾರ ಹಿಂದೆ ಸರಿಯಿತು. ಸರಕಾರಿ ನೌಕರರು, ಆದಾಯ ತೆರಿಗೆ ಕಟ್ಟುವವರನ್ನು ಬಿಟ್ಟು ಉಳಿದವರ ಕಾರ್ಡು ಮರಳಿಸಲು ಹೇಳಿತು. ಗದ್ದಲವಾದದ್ದರಿಂದ ಮರಳಿತು. ಒಬ್ಬೊಬ್ಬರಾಗಿ ಬಿಟ್ಟುಹೋಗುವ ಹೆಸರಿಗೆ ಗದ್ದಲವಾಗುವುದಿಲ್ಲ. ಎಂಬತ್ತು ವರ್ಷದ ಈ ಚರಿತ್ರೆಯಲ್ಲಿ ಪ್ರತಿ ಹೊಸ ಕಾರ್ಡೂ ಕಳ್ಳರನ್ನು ತೆಗೆಯಲು ಬಂದಿದೆ, ತೆಗೆದೂ ಇದೆ. ಜೊತೆಗೆ ಮದುವೆಯಾಗಿ ಬಂದವರು, ದುಡಿಯಲು ಹೋದವರು, ಬೆರಳು ಸವೆದವರು, ಹೊಳೆಗೆ ಕಾಗದ ಕೊಟ್ಟವರು ಸದ್ದಿಲ್ಲದೆ ಹೊರಗೆ ಬಿದ್ದಿದ್ದಾರೆ. ಅವರನ್ನು ಬಲ್ಲೆ ಎಂದು ಹೇಳುವ ತಲಾಟಿಯ ಬಾಯಿಮಾತಿಗೆ ಈಗ ಬೆಲೆಯಿಲ್ಲ. ಆ ಜಾಗದಲ್ಲಿ ಕೂತ ಸರ್ವರಿಗೆ ತಕರಾರು ಕೇಳುವ ಕಿವಿಯಿಲ್ಲ.

ಓದುವವರು ಮಾಡಬಹುದಾದ ಎರಡು ಮೂರು ಕೆಲಸ ಹೇಳಿ ಮುಗಿಸುತ್ತೇವೆ. ಸೊಸೈಟಿಯಲ್ಲಿ ಇ-ಕೆವೈಸಿಗೆ ಹಣ ಕೊಡಬೇಕಿಲ್ಲ, ಕೇಳಿದರೆ ಕೊಡಬೇಡಿ. ಬೆರಳು ಹೊಂದಲಿಲ್ಲ ಎಂದು ಬರಿಗೈಯಲ್ಲಿ ಕಳಿಸಿದರೆ 1967ಕ್ಕೆ ಫೋನ್ ಮಾಡಿ, ಆಹಾರ ಭದ್ರತಾ ಕಾಯ್ದೆಯ ಪ್ರಕಾರ ಜಿಲ್ಲಾ ಕುಂದುಕೊರತೆ ಅಧಿಕಾರಿಗೆ ಬರವಣಿಗೆಯಲ್ಲಿ ಅರ್ಜಿ ಕೊಡಿ. ಅರ್ಜಿ ತಿರಸ್ಕಾರವಾದರೆ ಕಾರಣ ಬರೆದುಕೊಡಲು ಕೇಳಿ, ಬಾಯಿಮಾತಿನ ‘ಸರ್ವರ್ ಇಲ್ಲ’ಕ್ಕೆ ಮೇಲ್ಮನವಿ ಇಲ್ಲ. ಹಳೇ ಕಾರ್ಡು ಎಸೆಯಬೇಡಿ.

ಅಜ್ಜಿ ಎಸೆದಿಲ್ಲ. ಮೊನ್ನೆ ಸೊಸೈಟಿಗೆ ಬೆರಳು ಕೊಡಲು ಹೋದಾಗಲೂ ನಾಲ್ಕೂ ಕಾರ್ಡು ಸೀರೆಯ ಚುಂಗಿನಲ್ಲಿ ಕಟ್ಟಿಕೊಂಡು ಬಂದಿದ್ದಳು. ಹೆಬ್ಬೆಟ್ಟು ಹೊಂದಲಿಲ್ಲ, ತೋರುಬೆರಳು ಹೊಂದಲಿಲ್ಲ, ಎಡಗೈಯ ನಡುಬೆರಳಿಗೆ ಯಂತ್ರ ಒಪ್ಪಿತು. ಹೊರಗೆ ಬಂದು ಕೇಳಿದಳು, ‘ಇನ್ನ ಎಷ್ಟ ದಿನಕ್ಕ ಮತ್ತ ಬರಬೇಕಂತ?’ ನಮ್ಮ ಹತ್ತಿರ ಉತ್ತರ ಇರಲಿಲ್ಲ.